ಹೆಣ್ಣು ಸುಮಾತ್ರದ ತೂಕ

3-7-2025, ಗುರುವಾರ. ಬೆಳಿಗ್ಗೆ 6

ನಾಲ್ಕಕ್ಕೆ ಎಡ ಮಗ್ಗುಲು. ಆರಕ್ಕೆ ಬಲ ಮಗ್ಗುಲು. ಉಚ್ಚೆ ಒಂದು ಸಲ. ಬಿ.ಪಿ. ಮಾತ್ರೆ ಕೊಟ್ಟಾಯಿತು, ಉಗುಳಿದರು, ಮತ್ತೆ ಕೊಟ್ಟಾಯಿತು.

ಆಸ್ಪತ್ರೆಯವರು ಬರೆದಿಡಿ ಅಂದದ್ದು ಇಷ್ಟೇ. ಮಿಕ್ಕದ್ದನ್ನು ಪುಸ್ತಕದ ಹಿಂದಿನಿಂದ ಬರೆಯುತ್ತೇನೆ. ಮೊಮ್ಮಗಳ ಹೋದ ವರ್ಷದ ಗಣಿತದ ನೋಟ್ಸು, ಅರ್ಧ ಖಾಲಿ. ನಾಲ್ಕನೇ ಕ್ಲಾಸಿಗೆ ನನ್ನ ಸ್ಕೂಲು ಬಿಡಿಸಿದ ಮೇಲೆ ನನ್ನ ಕೈಗೆ ಪೆನ್ನು ಬಂದದ್ದು ಸಹಿ ಹಾಕಲು ಮಾತ್ರ. ಈಗ ಆರು ತಿಂಗಳಿಂದ ಹೊತ್ತು ಹೊತ್ತಿಗೂ ಬರೆಯುತ್ತಿದ್ದೇನೆ. ಅಕ್ಷರ ದುಂಡಗಾಗಿದೆ. ಇವರ ಲಕ್ವದಿಂದ ಆದ ಒಂದು ಒಳ್ಳೆಯದು.

ಬಲಗೈ ಬಲಗಾಲು ಇಲ್ಲ. ಬಾಯಿ ಇದೆ. ದೇವರು ಒಂದೊಂದು ಸಲ ಸರಿಯಾಗಿ ನೋಡಿಕೊಂಡು ಕಿತ್ತುಕೊಳ್ಳುವುದಿಲ್ಲ.

5-7, ಶನಿವಾರ. ಮಧ್ಯಾಹ್ನ

ಮೊಮ್ಮಗಳು ವರ್ಷಿಣಿಯ ಸ್ಕೂಲಲ್ಲಿ ಇಪ್ಪತ್ತೊಂಬತ್ತಕ್ಕೆ ಹುಲಿ ದಿನವಂತೆ. ಹುಲಿಗೂ ಒಂದು ದಿನ. ಯಾವ ಸೀಮೆಯ ಹುಲಿ ಎಷ್ಟು ಉದ್ದ, ಎಷ್ಟು ತೂಕ, ಎಷ್ಟು ಬಲ... ಚಾರ್ಟಿನ ಮೇಲೆ ಬರೆದು, ಎಲ್ಲರ ಎದುರು ನಿಂತು ಹೇಳಬೇಕು. ನನ್ನ ಕಾಲ ಬಳಿ ಚಾರ್ಟು ಹರಡಿಕೊಂಡು ಕೂತಿದ್ದಾಳೆ.

ಹುಲಿ ಅಂದರೆ ಹುಲಿ ಅಂದುಕೊಂಡಿದ್ದೆ. ನಮ್ಮ ಕಡೆ ತೋಟಕ್ಕೆ ನುಗ್ಗಿ ನಾಯಿ ಹಿಡಿಯುವ ಚಿರತೆಯನ್ನೂ ಹುಲಿ ಬಂತು ಅನ್ನುತ್ತಾರೆ. ಪಟ್ಟೆ ಇರುವುದು ಹೆಬ್ಬುಲಿ. ಈಗ ನೋಡಿದರೆ ಹೆಬ್ಬುಲಿಯಲ್ಲೇ ಒಂಬತ್ತು ಪಂಗಡ. ಮೂರು ಆಗಲೇ ನಿರ್ನಾಮ. ಸೈಬೀರಿಯಾದ್ದು ಮುನ್ನೂರು ಕೆಜಿವರೆಗೂ ಇದೆಯಂತೆ. ಅದರ ನಂತರ ನಮ್ಮ ದೇಶದ್ದು. ಉಳಿದಿರುವುದರಲ್ಲಿ ಎಲ್ಲಕ್ಕಿಂತ ಚಿಕ್ಕದು ಸುಮಿತ್ರ.

"ಸುಮಿತ್ರ ಅಲ್ಲ ಅಜ್ಜಿ, ಸುಮಾತ್ರ. ಅದು ದ್ವೀಪ."

"ನಮ್ ಚಿಕ್ಕಮ್ಮನ ಹೆಸ್ರು ಸುಮಿತ್ರ. ಅವಳೂ ಕುಳ್ಳಿ, ಅವಳೂ ಪರಚ್ತಿದ್ಲು. ಇರ್ಲಿ ಬುಡು."

ಮಂಚದಲ್ಲಿ ಇವರು ನಕ್ಕರು. ಬಾಯಿ ಒಂದು ಕಡೆಗೆ ಎಳೆಯಿತು. ನಕ್ಕು ಎಷ್ಟು ದಿನವಾಗಿತ್ತೋ.

8-7, ಮಂಗಳವಾರ. ಸಂಜೆ

ತಾತನಿಗೂ ಮೊಮ್ಮಗಳಿಗೂ ಜಗಳ. ಫೋನಿನಲ್ಲಿ ಹುಲಿ ವಿಡಿಯೊ ಹಾಕಿಕೊಂಡು.

"ನಮ್ ಹುಲಿನೇ ದೊಡ್ದು ಕಣಮ್ಮ. ಹಿಮದಲ್ಲಿರೋದು ಬರೀ ಕೂದ್ಲು."

"ತಾತ, ತೂಗಿ ಬರ್ದಿರೋದು ಇದು."

"ಯಾರ್ ತೂಗಿದ್ರು? ನಲವತ್ತು ವರ್ಷ ಕೊಬ್ಬರಿ ತೂಗಿದೀನಿ ನಾನು. ತೂಗೋನ ಕೈ ಯಾವ್ ಕಡೆಗಿತ್ತು ಅಂತ ಮೊದ್ಲು ಕೇಳು."

ಅವಳು ಮತ್ತೆ ಹುಡುಕಿದಳು. ಸೈಬೀರಿಯಾ ಹುಲಿಯ ಹಳೇ ಕಾಲದ ತೂಕಗಳನ್ನು ಪೂರ್ತಿ ನಂಬಬಾರದಂತೆ. ಈಗ ಕಾಡಿನಲ್ಲಿ ಹಿಡಿದು ತೂಗಿದರೆ ನಮ್ಮ ಗಂಡು ಹುಲಿಯೂ ಸರಿಸಮವಂತೆ, ಒಂದೊಂದು ಹೆಚ್ಚೂ ಇರುತ್ತದಂತೆ. ಇವರು ದಿಂಬಿನಿಂದ ತಲೆ ಎತ್ತಿದರು. ತಮ್ಮನ್ನೇ ತೂಗಿ ಗೆಲ್ಲಿಸಿದ ಹಾಗೆ.

ನಾನು ಹೆಣ್ಣು ಸುಮಾತ್ರದ ಸಾಲು ನೋಡಿದೆ. ಎಪ್ಪತ್ತೈದರಿಂದ ನೂರಾ ಹತ್ತು ಕೆಜಿ. ಇವರನ್ನು ಆಸ್ಪತ್ರೆಯಲ್ಲಿ ತೂಗಿದಾಗ ಎಂಬತ್ತನಾಲ್ಕು. ಅಂದರೆ ಕಮೋಡ್ ಕುರ್ಚಿಗೆ, ಸ್ನಾನಕ್ಕೆ, ಊಟಕ್ಕೆ, ಮತ್ತೆ ಮಂಚಕ್ಕೆ — ದಿನಕ್ಕೆ ಎಂಟು ಸಲ ಒಂದು ಹೆಣ್ಣು ಸುಮಾತ್ರವನ್ನು ಎತ್ತಿ ಇಳಿಸುತ್ತಿದ್ದೇನೆ. ನಾನು ನಲವತ್ತಾರು ಕೆಜಿ. ಚಾರ್ಟಿನಲ್ಲಿ ನನಗೆ ಸಾಲಿಲ್ಲ.

11-7, ಶುಕ್ರವಾರ. ಬೆಳಿಗ್ಗೆ 10

ಕುರ್ಚಿಯಿಂದ ಎತ್ತುವಾಗ ಕೆಳಗೆ ಏನೋ ಜಾರಿತು. ನೋವಲ್ಲ. ಸೀರೆಯ ಗಂಟು ಬಿಚ್ಚಿಕೊಂಡ ಹಾಗೆ, ಆದರೆ ಒಳಗೆ. ಕೈ ಬಿಡಲಿಲ್ಲ. ಇವರನ್ನು ಮಂಚಕ್ಕೆ ಹಾಕಿದ ಮೇಲೆ ಬಚ್ಚಲಿಗೆ ಹೋಗಿ ನೋಡಿಕೊಂಡೆ. ನಿಂಬೆಹಣ್ಣಿನಷ್ಟು ಹೊರಗೆ ಬಂದಿದೆ.

ಯಾರಿಗೆ ಹೇಳಲಿ. ಮಗ ದಯಾನಂದ ಏಳಕ್ಕೇ ತಿಪಟೂರಿನ ಅಂಗಡಿಗೆ ಹೋಗುತ್ತಾನೆ. ಸೊಸೆ ಭಾನುಪ್ರಿಯಾ ಪಾಠ ಹೇಳಲು ಸ್ಕೂಲಿಗೆ. ಮನೆಯಲ್ಲಿದ್ದರೂ ಇವರು ಮುಟ್ಟಗೊಡುವುದಿಲ್ಲ. ಮಗ ಎತ್ತಲು ಬಂದರೆ "ನಿಮ್ಮವ್ವನ್ನ ಕರಿ." ಸೊಸೆಯಂತೂ ಬಾಗಿಲ ಹತ್ತಿರವೂ ಸುಳಿಯಬಾರದು. ನಲವತ್ತೆಂಟು ವರ್ಷ ನನ್ನ ಸಾರಿಗೆ ಉಪ್ಪು ಕಮ್ಮಿ ಅಂದವರು. ಈಗ ನನ್ನ ಕೈ ಬಿಟ್ಟರೆ ಬೇರೆ ಕೈ ಆಗದು.

17-7, ಗುರುವಾರ. ಮಧ್ಯಾಹ್ನ

ಆರು ದಿನ ಬರೆಯಲಿಲ್ಲ. ಕೂರಲು ಆಗುತ್ತಿರಲಿಲ್ಲ. ನಿಂತು ಬರೆಯುವ ಅಭ್ಯಾಸವಿಲ್ಲ.

ಕಂದಿಕೆರೆಯಲ್ಲಿ ತಂಗಿಗೆ ಹುಷಾರಿಲ್ಲ ಎಂದು ಸುಳ್ಳು ಹೇಳಿ, ಮಗನನ್ನು ಅರ್ಧ ದಿನ ಮನೆಯಲ್ಲಿ ಕೂರಿಸಿ, ತಿಪಟೂರಿನ ಬಸ್ಸು ಹತ್ತಿದೆ. ಡಾಕ್ಟರಮ್ಮನ ಹೆಸರು ಆಶಾ. ಚಿಕ್ಕ ವಯಸ್ಸು, ಬೆಚ್ಚನೆಯ ಕೈ.

"ಗರ್ಭಕೋಶ ಜಾರಿದೆ ಅಜ್ಜಿ. ಮನೇಲಿ ಏನ್ ಎತ್ತೀರಾ?"

"ಹುಲಿ."

ನಗಲಿಲ್ಲ. ಬಿಡಿಸಿ ಹೇಳಿದೆ. ಬರೆಯುತ್ತಿದ್ದ ಪೆನ್ನು ಕೆಳಗಿಟ್ಟರು.

"ಜಾರ್ದಂಗೆ ತಡಿಯೋಕೆ ಒಳಗೊಂದು ರಿಂಗ್ ಹಾಕ್ತೀನಿ. ಆದ್ರೆ ಅವರನ್ನ ಹಿಂಗೇ ಎತ್ತುತಾ ಇದ್ರೆ ರಿಂಗೂ ನಿಲ್ಲಲ್ಲ. ಆಮೇಲೆ ಆಪರೇಷನ್ನೇ. ಒಂದ್ ಕೊಡ ನೀರೂ ಎತ್ತಬೇಡಿ."

"ಮತ್ತೆ ಅವರನ್ ಯಾರ್ ಎತ್ತಾರೆ ತಾಯಿ?"

"ಅದನ್ನ ಅವರನ್ನೇ ಕೇಳಿ."

ಮನೆಗೆ ಬಂದಾಗ ಇವರ ಪಂಚೆ, ಹಾಸಿಗೆ ಎಲ್ಲಾ ಒದ್ದೆ. ಮಗ ಮುಖ ಊದಿಸಿಕೊಂಡು ಜಗಲಿಯಲ್ಲಿ ಕೂತಿದ್ದ. ಹತ್ತಿರ ಬರಗೊಟ್ಟಿಲ್ಲ. ಚಪ್ಪಲಿ ಬಿಟ್ಟವಳೇ ಎತ್ತಿದೆ.

20-7, ಭಾನುವಾರ

ಅಂಗಳದಲ್ಲಿ ಕೆಂಚಪ್ಪ ಕಾಯಿ ಸುಲಿಯುತ್ತಿದ್ದ. ಅಟ್ಟದ ಮೇಲೆ ವರ್ಷ ಪೂರ್ತಿ ಇದ್ದು ಒಳಗಿನ ನೀರು ಇಂಗಿದ ಕಾಯಿ. ಮೂವತ್ತು ವರ್ಷದಿಂದ ನಮ್ಮಲ್ಲೇ ಸುಲಿಯುವವನು. ಕಡ್ಡಿಯಂಥ ಆಳು. ಸಾವಿರ ಕಾಯಿ ಸುಲಿದರೂ ಅವನಿಗೆ ಬೆವರುವುದು ಹಣೆ ಒಂದೇ.

ನಾನು ಕಂಬ ಹಿಡಿದು ನಿಂತದ್ದನ್ನು ನೋಡಿದ. ಎದ್ದು ಬಂದ.

"ಅಮ್ಮಾರೆ, ಯಜಮಾನ್ರನ್ನ ನಾನ್ ಎತ್ತಲಾ?"

ನಾನು ಬಾಯಿ ತೆರೆಯುವ ಮೊದಲೇ ಒಳಗಿಂದ ಇವರ ಗಂಟಲು.

"ಹೊಸ್ಲು ದಾಟ್ಬೇಡ ಕಣ್ಲಾ. ನನ್ ಕೈ ಕೆಳಗೆ ದುಡಿದೋನ್ ಮುಂದೆ ಪಂಚೆ ಬಿಚ್ಚಿಸ್ಕೊಳ್ಳೋ ಅಷ್ಟು ಕೆಟ್ಟಿಲ್ಲ ನಾನು."

ಕೆಂಚಪ್ಪ ತನ್ನ ಅಂಗೈ ನೋಡಿಕೊಂಡ. "ಆಯ್ತು ಬುಡಿ ಯಜಮಾನ್ರೆ," ಅಂದ. ಹೋಗಿ ಮತ್ತೆ ಕಾಯಿಗೆ ಕೂತ. ಸುಲಿಯುವ ಸದ್ದು ಅರ್ಧ ಗಂಟೆ ಜೋರಾಗಿತ್ತು.

ವರ್ಷಿಣಿ ಬಲದ ಸಾಲು ತುಂಬುತ್ತಿದ್ದಳು. ಹುಲಿ ತನಗಿಂತ ಭಾರದ ದನವನ್ನೂ ಕಚ್ಚಿ ಎಳೆದೊಯ್ಯುತ್ತದಂತೆ. ಎಳೆಯುವುದು ಬೇರೆ, ಎತ್ತುವುದು ಬೇರೆ ಎಂದು ಪಕ್ಕದಲ್ಲಿ ಬರೆ ಅಂದೆ. ಒಂದು ಹುಲಿ ಇನ್ನೊಂದು ಹುಲಿಯನ್ನು ಎತ್ತಿದ ವಿಡಿಯೊ ಇದೆಯೇ ಎಂದೂ ಕೇಳಿದೆ. ಹುಡುಕಿದಳು. ತಾಯಿ ಮರಿಯನ್ನು ಕಚ್ಚಿಕೊಂಡು ಹೋಗುವುದು ಬಿಟ್ಟರೆ ಇಲ್ಲವಂತೆ. ಬುದ್ಧಿ ಇರುವ ಜಾತಿ.

24-7, ಗುರುವಾರ. ಸಂಜೆ

ಚಾರ್ಟಿನ ರಾದ್ಧಾಂತ. ಈಗ ಕೆಲವರು ಒಂಬತ್ತು ಪಂಗಡ ಒಪ್ಪುವುದಿಲ್ಲ, ಎರಡೇ ಅನ್ನುತ್ತಾರೆ, ದೊಡ್ಡ ನೆಲದ ಹುಲಿ ಮತ್ತು ದ್ವೀಪದ ಹುಲಿ — ಹೀಗೆಂದು ಮಹಾಂತೇಶ್ ಮೇಷ್ಟ್ರು ಹೇಳಿದರಂತೆ. ಇವಳು ಒಂಬತ್ತು ಮನೆ ಗೆರೆ ಎಳೆದು ಬಣ್ಣ ತುಂಬಿಯಾಗಿದೆ. ಅಳು.

"ಅಳ್ಬೇಡ ಕಣಮ್ಮ," ಅಂದರು ಇವರು. "ಒಂಬತ್ತೂ ಹಂಗೇ ಇರ್ಲಿ. ಕೆಳಗೆ ಒಂದು ಸಾಲು ಬರಿ. ಎರಡೇ ಅನ್ನೋರೂ ಅವ್ರೆ ಅಂತ."

ಮಗುವಿಗೆ ಸಮಾಧಾನವಾಯಿತು. ಎಷ್ಟು ಚೆನ್ನಾಗಿ ಬುದ್ಧಿ ಹೇಳುತ್ತಾರೆ, ಬೇರೆಯವರಿಗೆ.

ಮಧ್ಯಾಹ್ನ ರಿಂಗು ಜಾರಿತ್ತು. ಸ್ಕೂಲಿಂದ ಬಂದ ಸೊಸೆ ಬಚ್ಚಲಲ್ಲಿ ನೋಡಿಬಿಟ್ಟಳು. ಗೋಡೆಗೆ ಒರಗಿ ನಿಂತಳು.

"ಎಷ್ಟ್ ದಿನ ಆಯ್ತು ಅತ್ತೆ? ಯಾಕ್ ಹೇಳ್ಲಿಲ್ಲ ನೀವು? ಇರಿ, ಮಾವಂಗೆ ನಾನೇ ಹೇಳ್ತೀನಿ."

"ನೀನ್ ಹೇಳಿದ್ರೆ ಸೊಸೆ ಮುಂದೆ ಮಾನ ಹೋಯ್ತು ಅಂತ ಊಟ ಬಿಡ್ತಾರೆ. ನಾನೇ ಹೇಳ್ತೀನಿ ಬುಡು. ನನ್ ಮಾನ ಹಳೇದು, ಹೋದ್ರೂ ನಷ್ಟ ಇಲ್ಲ."

ಅವಳು ಅತ್ತಳು. ನನಗೆ ಅಳಲೂ ಸುಸ್ತು.

27-7, ಭಾನುವಾರ. ಮಧ್ಯಾಹ್ನ 3

ಹೇಳಿದೆ. ಗಂಜಿ ಕುಡಿಸಿ, ಬಾಯಿ ಒರೆಸಿ.

"ನನ್ ಗರ್ಭಕೋಶ ಜಾರಿದೆ ರೀ. ನಿಮ್ಮನ್ ಎತ್ತಿ ಎತ್ತಿ."

ಗೋಡೆ ಕಡೆ ನೋಡಿದರು.

"ಯಾವಾಗ?"

"ಇವತ್ತಿಗೆ ಹದಿನಾರು ದಿನ."

"ಆಮೇಲೂ ಎತ್ತಿದ್ಯಾ?"

"ಮತ್ತೆ ನೀವೇನ್ ಎದ್ದು ನಡ್ಕೊಂಡ್ ಹೋದ್ರಾ?"

ಹೊರಗೆ ತೆಂಗಿನ ಗರಿ ಒಂದು ಬಿತ್ತು. ಆಮೇಲೆ...

"ನಿನ್ ತೂಕ ಎಷ್ಟೇ?"

ನಲವತ್ತೆಂಟು ವರ್ಷದಲ್ಲಿ ಕೇಳಿರಲಿಲ್ಲ. ಸೀಮೆಯ ಕೊಬ್ಬರಿಯೆಲ್ಲ ತೂಗಿದ ಮನುಷ್ಯ.

"ನಲವತ್ತಾರು."

ಎಡಗೈಯ ಬೆರಳು ಮಡಚಿ ಏನೋ ಎಣಿಸಲು ಹೋದರು. ಅರ್ಧಕ್ಕೆ ಬಿಟ್ಟರು.

"ಕೆಂಚನ್ ಕರಿ. ನಾಳೆ ಬ್ಯಾಡ, ನಾಳಿದ್ದು. ಅಲ್ಲೀಗಂಟ ದಯಾನಂದ ಮಾಡ್ಲಿ. ಕೆಂಚ ಬಂದಾಗ ನೀನ್ ಒಳಗಿರ್ಬೇಡ."

ಕಣ್ಣು ಒದ್ದೆ ಇತ್ತು. ಬಲಗಣ್ಣು ಯಾವಾಗಲೂ ಸೋರುತ್ತದೆ, ಅದನ್ನು ನಂಬುವಂತಿಲ್ಲ. ಎಡಗಣ್ಣು ನೋಡೋಣವೆಂದರೆ ಮುಖ ತಿರುಗಿಸಲಿಲ್ಲ.

29-7, ಮಂಗಳವಾರ. ಬೆಳಿಗ್ಗೆ 9

ಮನೆಯವರೆಲ್ಲ ಹೊರಟ ಮೇಲೆ ಕೆಂಚಪ್ಪ ಬಂದ. ಒಗೆದ ಶರ್ಟು, ಎಣ್ಣೆ ಹಚ್ಚಿ ಬಾಚಿದ ತಲೆ. ಹೆಣ್ಣು ನೋಡಲು ಬಂದವನ ಹಾಗೆ ಹೊಸ್ತಿಲ ಆಚೆ ನಿಂತ.

"ಬರ್ಲಾ ಯಜಮಾನ್ರೆ?"

ಇನ್ನೊಂದು ಸಲ ಕೇಳಿದ.

"ಹೂಂ."

ಬಾಗಿಲು ಎಳೆದುಕೊಂಡ. ನಾನು ಅಡುಗೆಮನೆಯಲ್ಲಿ ಸ್ಟೂಲಿನ ಮೇಲೆ ಕೂತಿದ್ದೇನೆ. ಕೈಗೆ ಏನು ಮಾಡಬೇಕೋ ತೋಚದೆ ಬರೆಯುತ್ತಿದೆ. ಎಲ್ಲಾ ಕೇಳಿಸುತ್ತದೆ.

"ಈ ಕೈ ನನ್ ಹೆಗಲ್ ಮೇಲೆ ಹಾಕ್ಕೊಳ್ಳಿ. ಗಟ್ಟಿಯಾಗ್ ಹಿಡ್ಕೊಳ್ಳಿ ಯಜಮಾನ್ರೆ, ನಾನೇನ್ ಮುರ್ದೋಗಲ್ಲ."

ಮಂಚ ಕಿರ್ ಅಂದಿತು. ಮೊದಲು ಎಡ ಪಾದ ನೆಲಕ್ಕೆ ಊರಿಸಬೇಕು. ಅವನಿಗೆ ಹೇಳಲು ಮರೆತೆ. ಎದ್ದೆ. ಮತ್ತೆ ಕೂತೆ.

"ಎಡಗಾಲು," ಇವರೇ ಹೇಳುತ್ತಿದ್ದಾರೆ. "ಎಡಗಾಲು ಮೊದ್ಲು ಕಣ್ಲಾ."

ಉಸಿರು ಮಾತ್ರ, ಇಬ್ಬರದೂ.

"ಗಿರಿಜಾ."

ಹೆಸರು ಹಿಡಿದು ಕರೆಯುವವರಲ್ಲ ಇವರು. ಕೆಂಚಪ್ಪ ಅನ್ನುತ್ತಿದ್ದಾನೆ, ನಾನಿದೀನಲ್ಲ ಯಜಮಾನ್ರೆ, ಅಮ್ಮಾರ್ ಯಾಕೆ.

"ಗಿರಿಜಾ..."

ಕರೆಯಲಿ. ಕಾಲು ತಾನೇ ಏಳುತ್ತದೆ, ಎಡಗೈಯಲ್ಲಿ ಸ್ಟೂಲು ಹಿಡಿದಿದ್ದೇನೆ. ಕರೆಯಲಿ. ಇವತ್ತು ನಾನು ಏಳುವುದಿ—