ಏರದ ಕಂತು

ಅಂಗಡಿಯ ಹಿಂದಿನ ಕೋಣೆಯಿಂದ,
ಹದಿನಾರನೇ ತಾರೀಖು, ಗುರುವಾರ

ಪ್ರೀತಿಯ ಪುಟ್ಟಾ,

ನಲವತ್ತೇಳು ವರ್ಷದ ಗಂಡಸನ್ನು ಪುಟ್ಟ ಎಂದು ಕರೆಯುವವರು ಈ ಭೂಮಿಯ ಮೇಲೆ ಇಬ್ಬರೇ ಉಳಿದಿದ್ದೇವೆ, ನಾನು ಮತ್ತು ಅಮ್ಮ. ಹಡಗಿನವರಿಗೆ ಗೊತ್ತಾಗುವುದು ಬೇಡ. ಹೇಗಿದ್ದೀಯಾ? ಎಡಗಿವಿ ಹೋಯಿತು, ಅದರ ಮಾತು ಬಿಡು. ಬಲಗಿವಿಯಲ್ಲಿ ಆ ಗುಂಯ್ ಎನ್ನುವ ಸದ್ದು ಸ್ವಲ್ಪವಾದರೂ ಇಳಿಯಿತೆ? ಇಂಜಿನ್ ರೂಮಿಗೆ ಇಳಿಯುವಾಗ ಕಿವಿಗೆ ಮುಚ್ಚಿಕೊಳ್ಳುವ ಆ ಬಟ್ಟಲುಗಳನ್ನು ಮರೆಯಬೇಡ, ಸೆಖೆ ಎಂದು ತೆಗೆದಿಡಬೇಡ. ಹೋದ ತಿಂಗಳು ಫೋನಿನಲ್ಲಿ ನಾನು ಒಂದು ವಿಷಯವನ್ನು ಮೂರು ಸಲ ಕೂಗಿ ಹೇಳಿದೆ, ನೀನು ಮೂರು ಸಲವೂ ಹ್ಞೂಂ ಎಂದೆ. ನಿನ್ನ ಯಾವ ಹ್ಞೂಂ ನಿಜ, ಯಾವುದು ಸುಳ್ಳು ಎಂಬುದು ನೀನು ಚಡ್ಡಿ ಹಾಕುತ್ತಿದ್ದ ಕಾಲದಿಂದಲೂ ನನಗೆ ಗೊತ್ತು. ಅದಕ್ಕೇ ಫೋನು ಬಿಟ್ಟು ಕಾಗದ ಹಿಡಿದಿದ್ದೇನೆ. ಕಂಪನಿ ಏಜೆಂಟನ ವಿಳಾಸಕ್ಕೆ ಹಾಕುತ್ತೇನೆ, ನೀವು ಬಂದರು ಮುಟ್ಟುವ ಹೊತ್ತಿಗೆ ಅಲ್ಲಿ ಕಾಯುತ್ತಿರುತ್ತದೆ.

ಅಮ್ಮ ಚೆನ್ನಾಗಿದ್ದಾಳೆ. ಮಂಡಿ ಮಾತ್ರ ಮೆಟ್ಟಿಲು ಕಂಡ ಕೂಡಲೇ ತಕರಾರು ಮಾಡುತ್ತದೆ. ಆದರೂ ಮಹಡಿಯ ಕೋಣೆಯನ್ನು ತಾನೇ ಖಾಲಿ ಮಾಡಿಸಿದಳು. ಬಡಗಿಯನ್ನು ಕರೆಸಿ ಮಂಚದ ಕಾಲುಕಡೆಗೆ ಒಂದು ಹಲಗೆ ಜೋಡಿಸಿದ್ದಾಳೆ, ನಿನ್ನ ಪಾದ ಹೊರಗೆ ಚಾಚಬಾರದಂತೆ. ಎದುರುಮನೆಯ ಡ್ರೈವರಿಗೂ, ಇಸ್ತ್ರಿಯವನಿಗೂ, ಕೊನೆಗೆ ನಲ್ಲಿ ರಿಪೇರಿಗೆ ಬಂದವನಿಗೂ ಒಂದೇ ಸುದ್ದಿ: "ಮನೆ ಸಾಲ ತೀರ್ತು, ಮಗ ಬರ್ತಾನೆ." ನಲ್ಲಿಯವನು ಪಾಪ, ತನಗೇನು ಸಂಬಂಧ ಎಂದು ತಿಳಿಯದೆ ಐದು ನಿಮಿಷ ತಲೆಯಾಡಿಸಿದ. ನಾನೂ ಚೆನ್ನಾಗಿದ್ದೇನೆ ಎಂದೇ ಬರೆಯುತ್ತೇನೆ, ಏಕೆಂದರೆ ನೋವು ಇಂಥ ಕಡೆ ಇದೆ ಎಂದು ತೋರಿಸಲು ಬರುವುದಿಲ್ಲ.

ಈಗ ಸುದ್ದಿ. ನಿನ್ನ ಹಿಂದಿನ ಕಾಗದದಲ್ಲಿ ಕೇಳಿದ್ದೆ: "ಅಕ್ಕಾ, ಕಂಪನಿಯೋರು ಇನ್ನೂ ಮೂರು ವರ್ಷಕ್ಕೆ ಸಹಿ ಹಾಕು ಅಂತಿದಾರೆ. ಸಾಲ ಮುಗೀತು ತಾನೆ, ಬೇಡ ಅಂದುಬಿಡ್ಲಾ?" ಉತ್ತರ ಬರೆಯುವ ಮೊದಲು ಮನೆಯ ಪತ್ರಗಳನ್ನು ಯಾವ ದಿನ ವಾಪಸ್ ಕೊಡುತ್ತಾರೆ ಎಂದು ಕೇಳಿಬಿಡೋಣ ಎಂದು ಸೋಮವಾರ ಬ್ಯಾಂಕಿಗೆ ಹೋದೆ. ನನ್ನ ಲೆಕ್ಕದಲ್ಲಿ ಹದಿನೈದು ವರ್ಷದ ಸಾಲದ ಕೊನೆಯ ಕಂತು ಈ ತಿಂಗಳದ್ದು. ಒಳ್ಳೆಯ ಬಟ್ಟೆ ಉಟ್ಟು, ಕೂದಲಿಗೆ ಬಣ್ಣ ಹಚ್ಚಿ ಹೋಗಿದ್ದೆ. ಸಾಲದ ಮೇಜಿನಲ್ಲಿ ಈಗ ಒಬ್ಬ ಹುಡುಗಿ ಇದ್ದಾಳೆ, ನಮ್ಮ ಹಳೆಯ ಗಿರಾಕಿ ದರ್ಜಿ ಹೆಂಗಸಿನ ಮಗಳು. ಅವಳ ತಾಯಿಗೆ ಮೊದಲ ಹೊಲಿಗೆ ಯಂತ್ರ ಕಂತಿನ ಮೇಲೆ ಕೊಟ್ಟವಳು ನಾನೇ. ಆಂಟೀ ಎಂದು ಕುರ್ಚಿ ಎಳೆದು ಕೂರಿಸಿ, ನೀರು ಕೊಟ್ಟು, ಕಂಪ್ಯೂಟರಿನ ಮುಖವನ್ನು ನನ್ನ ಕಡೆ ತಿರುಗಿಸಿದಳು. "ಇನ್ನೂ ಐದು ವರ್ಷ ಇದೆಯಲ್ಲ ಆಂಟಿ" ಎಂದಳು. ನಾನು ನಕ್ಕೆ. ನಿಜವಾಗಿ ನಕ್ಕೆ, ಪುಟ್ಟಾ. ನಿಮ್ಮ ಪೆಟ್ಟಿಗೆಗೆ ವಯಸ್ಸಾಗಿದೆ, ಯಾರಾದರೂ ದೊಡ್ಡವರನ್ನು ಕರೆಯಮ್ಮ ಎಂದೆ. ಪೆಟ್ಟಿಗೆ ಸರಿಯಾಗಿಯೇ ಇತ್ತು.

ನಿನಗೆ ನೆನಪಿರಬೇಕು, ಸಾಲ ತೆಗೆದ ಎರಡು ವರ್ಷಕ್ಕೆ ಬಡ್ಡಿ ದರ ಎಂಟರಿಂದ ಹತ್ತೂವರೆಗೆ ಏರಿತು. ಕಂತು ಹೆಚ್ಚಾಗುತ್ತದೆ ಎಂದು ಗುಲ್ಲೆದ್ದಾಗ ನಾನು ಸೊಂಟಕ್ಕೆ ಸೆರಗು ಸಿಕ್ಕಿಸಿ ಬ್ಯಾಂಕಿಗೆ ನುಗ್ಗಿದ್ದೆ. ಆಗಿನ ಮ್ಯಾನೇಜರ್, ಆ ಬೋಳುತಲೆಯವನು, ಅವನ ಮೇಜಿನ ಮುಂದೆ ಅರ್ಧ ಗಂಟೆ ಭಾಷಣ ಬಿಗಿದೆ. ನಾನೂ ಕಂತಿನ ವ್ಯಾಪಾರದವಳೇ, ಮಾತು ಕೊಟ್ಟ ಮೇಲೆ ನಾನು ಯಾವ ಗಿರಾಕಿಗೂ ಕಂತು ಏರಿಸಿದವಳಲ್ಲ, ನೀವು ಒಂದು ಕಾಸು ಏರಿಸಿದರೆ ಈ ಬಾಗಿಲಲ್ಲೇ ಕೂರುತ್ತೇನೆ ಎಂದೆ. ಅವನು ಕನ್ನಡಕ ತೆಗೆದು ಒರೆಸಿಕೊಂಡು, ತಣ್ಣಗೆ, "ಆಯ್ತಮ್ಮ, ನಿಮ್ಮ ಕಂತು ಏರಿಸಲ್ಲ, ಇಲ್ಲೊಂದು ಸಹಿ ಹಾಕಿ" ಎಂದ. ಸಹಿ ಹಾಕಿ ಬಂದೆ. ಬೀದಿಗೆಲ್ಲ ಹೇಳಿದೆ. ನಿನಗೆ ನಾಲ್ಕು ಪುಟ ಬರೆದೆ. ನೀನು ಯಾವುದೋ ಬಂದರಿನಿಂದ "ಅಕ್ಕಾ, ನಿನ್ನನ್ನ ಕಂಪನಿ ಜೊತೆ ಮಾತಾಡೋಕೆ ಕಳಿಸಬೇಕಿತ್ತು" ಎಂದು ಬರೆದೆ. ಮ್ಯಾನೇಜರ್ ಮಾತಿಗೆ ತಪ್ಪಲಿಲ್ಲ, ಅದನ್ನು ಒಪ್ಪಬೇಕು. ಒಂಬತ್ತು ಸಾವಿರದ ಐನೂರ ಐವತ್ತೇಳು ಅಂದೂ ಇತ್ತು, ಇಂದೂ ಇದೆ. ಏರಿದ ಬಡ್ಡಿಯೆಲ್ಲ ತಿಂಗಳುಗಳಾಗಿ ಹಿಂದಿನಿಂದ ಜೋಡಣೆಯಾಯಿತು. ಹದಿನೈದು ವರ್ಷ ಇಪ್ಪತ್ತಾಯಿತು. ಆ ಹುಡುಗಿ ನನಗೆ ಮಗುವಿಗೆ ಹೇಳುವ ಹಾಗೆ ಹೇಳಿದಳು: "ಬಡ್ಡಿ ಎಲ್ಲಿಂದಾದ್ರೂ ಬರ್ಬೇಕಲ್ಲ ಆಂಟಿ. ಕಂತಲ್ಲಿ ಬರ್ಲಿಲ್ಲ ಅಂದ್ರೆ ವರ್ಷದಲ್ಲಿ ಬರುತ್ತೆ."

ನನ್ನ ವ್ಯಾಪಾರದ ಮೊದಲ ಪಾಠ ನಿನಗೆ ಗೊತ್ತು. ಗಿರಾಕಿಗೆ ಒಟ್ಟು ಮೊತ್ತ ಹೇಳಕೂಡದು. ತಿಂಗಳಿಗೆ ಎಷ್ಟು ಎಂದಷ್ಟೇ ಹೇಳಬೇಕು, ಅದನ್ನೂ ನಗುತ್ತಾ, ಯಂತ್ರದ ಚಕ್ರವನ್ನು ಒಂದು ಸುತ್ತು ತಿರುಗಿಸುತ್ತಾ ಹೇಳಬೇಕು. ಒಟ್ಟು ಕೇಳಿದವರು ಎದ್ದು ಹೋಗುತ್ತಾರೆ, ತಿಂಗಳು ಕೇಳಿದವರು ಕೂರುತ್ತಾರೆ. ಇಪ್ಪತ್ತಾರು ವರ್ಷ ಇದನ್ನೇ ಮಾಡಿ ಅಂಗಡಿ ಕಟ್ಟಿದೆ. ಆ ಬೋಳುತಲೆಯವನು ನನ್ನದೇ ಸರಕನ್ನು ನನಗೇ ಮಾರಿ ಕಳಿಸಿದ, ನಾನು ಚೌಕಾಸಿ ಮಾಡಿ ಗೆದ್ದೆ ಎಂದುಕೊಂಡು ಮನೆಗೆ ತಂದೆ. ಅವನ ಮೇಲೆ ಸಿಟ್ಟು ಬಂದಿದ್ದರೆ ಚೆನ್ನಾಗಿತ್ತು.

ಒಟ್ಟು ಹೇಳುತ್ತೇನೆ ಕೇಳು, ನಿನಗೆ ಯಾರೂ ಹೇಳಿಲ್ಲ. ನಾವು ತಂದದ್ದು ಹತ್ತು ಲಕ್ಷ. ಇಲ್ಲಿಯವರೆಗೆ ಕಟ್ಟಿದ್ದು ಹದಿನೇಳು ಲಕ್ಷ ಇಪ್ಪತ್ತು ಸಾವಿರ. ಅದರಲ್ಲಿ ನೀನು ತಿಂಗಳಿಗೆ ಆರು ಸಾವಿರದಂತೆ ಕಳಿಸಿದ್ದೇ ಹತ್ತು ಲಕ್ಷ ಎಂಬತ್ತು ಸಾವಿರ. ಅಂದರೆ ತಂದ ಹಣವನ್ನು ನೀನೊಬ್ಬನೇ ತೀರಿಸಿ, ಮೇಲೆ ಕೊಟ್ಟಿದ್ದೀಯಾ. ಆದರೂ ಇನ್ನೂ ಬಾಕಿ ನಾಲ್ಕು ಲಕ್ಷ ನಲವತ್ತೈದು ಸಾವಿರ. ಬಡ್ಡಿ ಏರಿದ ಹೊಸದರಲ್ಲಿ ನಾವು ಕಟ್ಟುತ್ತಿದ್ದ ಒಂಬತ್ತೂವರೆ ಸಾವಿರದಲ್ಲಿ ಎಂಟು ಸಾವಿರ ಬರೀ ಬಡ್ಡಿಗೇ ಹೋಗುತ್ತಿತ್ತಂತೆ, ಅಸಲಿಗೆ ಬೀಳುತ್ತಿದ್ದುದು ಒಂದೂವರೆ ಸಾವಿರ. ಹೀಗೇ ಕೊನೆತನಕ ಕಟ್ಟಿದರೆ ಇಪ್ಪತ್ಮೂರು ಲಕ್ಷದ ಹತ್ತಿರ. ಎರಡು ಮನೆ ಕೊಂಡು ಮೂರನೆಯದಕ್ಕೆ ಸುಣ್ಣ ಬಣ್ಣವೂ ಮಾಡಿಸಬಹುದಿತ್ತು, ಒಂದರ ಬೀಗದಕೈ ಮಾತ್ರ ನಮ್ಮ ಹತ್ತಿರ ಇದೆ. ಆಗ ತಿಂಗಳಿಗೆ ಒಂದು ಸಾವಿರದ ಚಿಲ್ಲರೆ ಹೆಚ್ಚು ಕಟ್ಟಲು ಒಪ್ಪಿದ್ದರೆ ಹದಿನೈದಕ್ಕೇ ಮುಗಿಯುತ್ತಿತ್ತು ಎಂದು ಹುಡುಗಿ ಗುಂಡಿ ಒತ್ತಿ ತೋರಿಸಿದಳು. ಸಾಕು ನಿಲ್ಲಿಸಮ್ಮ ಎಂದೆ. ಇದರಲ್ಲಿ ಬರೆಯಲಾರದ ಬಾಬತ್ತುಗಳೂ ಇವೆ. ನಿನ್ನ ಮದುವೆಯ ಮಾತು ಎತ್ತಿದವರಿಗೆಲ್ಲ ಸಾಲ ತೀರಲಿ ಎಂದು ಉತ್ತರ ಹೇಳಿ ಕಳಿಸಿದವಳು ನಾನು.

ಹಲ್ಲು ಕೀಳುವ ಮೊದಲು ಇಂಜೆಕ್ಷನ್ ಕೊಡುತ್ತಾರಲ್ಲ, ಕೆನ್ನೆ ಇದ್ದೂ ಇಲ್ಲದ ಹಾಗಿರುತ್ತದಲ್ಲ, ಸೋಮವಾರದಿಂದ ಹಾಗೆ. ಅಳು ಬರಲಿಲ್ಲ. ಊಟ ಮಾಡಿದೆ, ಉಪ್ಪು ಹೆಚ್ಚಾಗಿದೆ ಎಂದು ಅಮ್ಮ ಹೇಳಿದ ಮೇಲೆ ಗೊತ್ತಾಯಿತು. ಮಂಗಳವಾರ ಅಂಗಡಿಗೆ ಒಬ್ಬ ಹೆಂಗಸು ಬಂದಳು, ಗಂಡನಿಗೆ ಕೆಲಸ ಹೋಗಿದೆ, ಮನೆಯಲ್ಲೇ ಹೊಲಿಯಬೇಕು ಎಂದಳು. ನಾನು ಚಕ್ರ ತಿರುಗಿಸಿದೆ, ಬಾಯಿ ತೆರೆದೆ, ತಿಂಗಳಿಗೆ ಎಂಟುನೂರ ಐವತ್ತು ಎನ್ನಬೇಕಾದ ಕಡೆ, ನಗದಾದರೆ ಹನ್ನೆರಡು ಸಾವಿರ, ಕಂತಾದರೆ ಒಂದೂವರೆ ವರ್ಷಕ್ಕೆ ಒಟ್ಟು ಹದಿನೈದು ಸಾವಿರದ ಮುನ್ನೂರು ಎಂದುಬಿಟ್ಟೆ. ಅವಳು ನನ್ನನ್ನೇ ನೋಡಿದಳು. "ಅಯ್ಯೋ, ಅಷ್ಟೊಂದಾ? ಹಾಗಾದ್ರೆ ಬೇಡ ಬಿಡಿ ಅಕ್ಕಾ" ಎಂದು ಚೀಲ ಹೆಗಲಿಗೆ ಹಾಕಿಕೊಂಡು ಹೋದಳು. ಬುಧವಾರ ಇನ್ನಿಬ್ಬರು ಹಾಗೇ ಹೋದರು. ನಾನು ಬೇಕೆಂದು ಮಾಡುತ್ತಿಲ್ಲ, ಹಳೆಯ ಮಾತು ನಾಲಿಗೆಗೆ ಬರುತ್ತಿಲ್ಲ ಅಷ್ಟೆ.

ಕುಕ್ಕರ್ ಸಾಹುಕಾರನೂ ಬಂದಿದ್ದ. ಅದೇ, ತಲೆಯ ಮೇಲೆ ಕುಕ್ಕರ್ ಹೊತ್ತು ಮಾರಲು ಶುರುಮಾಡಿ ಈಗ ಆರು ಅಂಗಡಿ ಇಟ್ಟವನು. ನನ್ನ ಗಿರಾಕಿಗಳನ್ನೂ ಸರಕನ್ನೂ ಬರಬೇಕಾದ ಬಾಕಿಯನ್ನೂ ಸಗಟಾಗಿ ತನಗೆ ಕೊಟ್ಟುಬಿಡಿ ಎಂದು ವರ್ಷಕ್ಕೊಮ್ಮೆ ಕೇಳುತ್ತಾನೆ, ವರ್ಷಕ್ಕೊಮ್ಮೆ ಬೈಸಿಕೊಂಡು ಹೋಗುತ್ತಾನೆ. ಈ ಸಲ ನಾನು ಬೈಯದೆ ಕೂತದ್ದನ್ನು ಕಂಡು ಅವನಿಗೇ ಗಾಬರಿಯಾಯಿತು. "ಏನಕ್ಕಾ, ಮೈ ಹುಷಾರಿಲ್ವಾ? ಬೈಯ್ರಿ, ನಂಗೆ ಅಭ್ಯಾಸ ಆಗಿದೆ" ಎಂದ. ಟೀ ಕುಡಿಸಿ ಕಳಿಸಿದೆ.

ಈಗ ನಿನ್ನ ಪ್ರಶ್ನೆ. ನೀನು ಸಹಿ ಹಾಕಿದರೆ ಕಂಪನಿ ಸಂಬಳ ಹೆಚ್ಚು ಮಾಡುತ್ತದೆ, ಇನ್ನೂ ಸ್ವಲ್ಪ ಹೆಚ್ಚು ಕಳಿಸಿದರೆ ಮೂರೇ ವರ್ಷದಲ್ಲಿ ಸಾಲ ಮುಗಿಯುತ್ತದೆ. ಕಾಗದದ ಮೇಲೆ ಇದಕ್ಕಿಂತ ನೀಟಾದ ಲೆಕ್ಕ ಇಲ್ಲ. ನೀನು ಸಹಿ ಹಾಕದಿದ್ದರೆ, ಅಂಗಡಿಯ ಗಳಿಕೆಯಲ್ಲಿ ಮೂರು ಜನರ ಖರ್ಚು ಕಳೆದು ತಿಂಗಳಿಗೆ ಒಂಬತ್ತೂವರೆ ಸಾವಿರ ನಾನೊಬ್ಬಳೇ ಎತ್ತಲಾರೆ. ಮೂರು ತಿಂಗಳು ತಪ್ಪಿದರೆ ಬ್ಯಾಂಕಿನವರು ಗೋಡೆಗೆ ನೋಟೀಸು ಅಂಟಿಸುತ್ತಾರೆ. ಇನ್ನೊಂದು ಕಡೆ, ನಿನ್ನ ಕಿವಿಯ ಡಾಕ್ಟರು ನನ್ನೆದುರಿಗೇ ಹೇಳಿದ್ದರು, "ಇನ್ನೊಂದು ಸುತ್ತು ಇಂಜಿನ್ ರೂಮು ಅಂದ್ರೆ ಬಲಗಿವಿನೂ ಮರೆತುಬಿಡಿ" ಎಂದು. ನಿನ್ನ ಬಲಗಿವಿಯನ್ನು ಜಮಾ ಕಡೆಗೆ ಬರೆಯಲೋ ಖರ್ಚಿನ ಕಡೆಗೆ ಬರೆಯಲೋ, ಎರಡು ದಿನದಿಂದ ಪೆನ್ನು ಹಿಡಿದು ಕೂತಿದ್ದೇನೆ. ಹಾಕು ಎಂದು ಹೇಳುವ ಬಾಯಿ ನನಗಿಲ್ಲ, ಹಾಕಬೇಡ ಎಂದು ಹೇಳುವ ಗಂಟೂ ಇಲ್ಲ. ಸತ್ಯ ಇಷ್ಟು, ನಿನ್ನ ಮುಂದಿಟ್ಟಿದ್ದೇನೆ, ನೀನೇ ಯೋಚಿಸು. ಅಮ್ಮನಿಗೆ ಏನೂ ಹೇಳಿಲ್ಲ. ಮಂಚದ ಹಲಗೆಗೆ ಬಣ್ಣ ಯಾವುದು ಎಂದು ಕೇಳುತ್ತಿದ್ದಾಳೆ.

ತಣ್ಣನೆಯ ಗಾಳಿಗೆ ಕಿವಿ ಒಡ್ಡಬೇಡ. ಅಡುಗೆಯವನ ಜೊತೆ ಜಗಳ ಬೇಡ, ಊಟ ಕೊಡುವ ಕೈ ಅದು. ಅಮ್ಮನ ಆಶೀರ್ವಾದ ಇದರೊಳಗಿದೆ, ನನ್ನದೂ ಇದೆ ಎಂದುಕೋ, ಕಿರಿಯವನಾಗಿ ಹುಟ್ಟಿದ ಮೇಲೆ ಎರಡನ್ನೂ ಹೊರಬೇಕು.

ನಿನ್ನ
ಅಕ್ಕ

ತಾ.ಕ.: ಕಾಗದ ಅಂಟಿಸಿರಲಿಲ್ಲ, ಇವತ್ತು ಶನಿವಾರ. ಅಂಚೆ ಗಾಡಿ ಬರುವ ಹೊತ್ತಾಯಿತು, ಚುಟುಕಾಗಿ ಬರೆಯುತ್ತೇನೆ. ಸಹಿ ಹಾಕಬೇಡ. ನಿನ್ನೆ ಕುಕ್ಕರ್ ಸಾಹುಕಾರನಿಗೆ ಅಂಗಡಿ ಕೊಟ್ಟೆ, ಸರಕು, ಬಾಕಿ, ಬೋರ್ಡು ಎಲ್ಲ ಸೇರಿ ಐದು ಲಕ್ಷಕ್ಕೆ. ಏಳು ಲಕ್ಷ ಬಾಳುತ್ತಿತ್ತು, ಚೌಕಾಸಿ ಮಾಡಲಿಲ್ಲ. ಅವನು ಮೊದಲು ನಂಬಲಿಲ್ಲ. ಇವತ್ತು ಬೆಳಿಗ್ಗೆ ಬ್ಯಾಂಕಿನಲ್ಲಿ ಸಾಲದ ಬಾಕಿ ಪೂರ್ತಿ ಕಟ್ಟಿದೆ, ಆ ಹುಡುಗಿ ಎದ್ದು ನಿಂತು ರಸೀದಿ ಕೊಟ್ಟಳು. ಮನೆಪತ್ರ ಹದಿನೈದು ದಿನದಲ್ಲಿ ಬರುತ್ತದಂತೆ. ಒಂದನೇ ತಾರೀಖಿನಿಂದ ಸಾಹುಕಾರನ ದೊಡ್ಡ ಅಂಗಡಿಯಲ್ಲಿ ನನಗೆ ಸಂಬಳದ ಕೆಲಸ, ನನ್ನ ಹಳೆಯ ಗಿರಾಕಿಗಳ ಮನೆಗೇ ಹೋಗಿ ಕಂತು ವಸೂಲಿ ಮಾಡುವುದು. ನೀನು ಬಂದ ಮೇಲೆ ಅಂಗಡಿಯ ಹಿಂದೆ ರಿಪೇರಿ ಮೇಜು ಹಾಕಿಕೊಡುತ್ತೇನೆ ಎಂದಿದ್ದೆನಲ್ಲ, ಅದು ಆಗುವುದಿಲ್ಲ, ಆ ಲೆಕ್ಕ ಹೊಡೆದುಹಾಕು. ಮನೆ ಇದೆ. ಬಾ.