ಹುರಿಗಡಲೆ ಹಿಟ್ಟು ಅಂದಿದ್ದೆ

ಬುಧವಾರ, ಮಾರ್ಚ್ ೧೪

ಪ್ರೀತಿಯ ಅಕ್ಕನಿಗೆ,

ನಿನ್ನ ಎರಡು ಕಾಗದ ಬಂದು ಕೂತಿವೆ, ಒಂದಕ್ಕೂ ಉತ್ತರ ಬರೆಯಲಿಲ್ಲ. ಬೈಯಿ, ಬೈಸಿಕೊಳ್ಳೋಕೆ ತಯಾರಾಗೇ ಕೂತಿದ್ದೀನಿ. ಭಾವನ ಮಂಡಿನೋವು ಹೇಗಿದೆ? ಇಲ್ಲಿ ಎಲ್ಲಾ ಕ್ಷೇಮ ಅಂತ ಬರೆದು ಹೊಡೆದುಹಾಕಿದೆ. ನಿನ್ನ ಹತ್ತಿರ ಸುಳ್ಳು ಯಾಕೆ?

ಮೊದಲು ನಿನ್ನ ಮಗಳಿಗೆ ಉತ್ತರ. ಶಾಲೆಯಲ್ಲಿ ಚಿಕ್ಕಮ್ಮನ ಕೆಲಸದ ಬಗ್ಗೆ ಮಾತಾಡ್ತಾಳಂತಲ್ಲ? ಚಿಕ್ಕಮ್ಮ ಜೀರುಂಡೆ ಸಾಕ್ತಾಳೆ, ತಿನ್ನೋಕೆ ಅಂತ ಧೈರ್ಯವಾಗಿ ಹೇಳಲಿ. ಮರದ ಪೆಟ್ಟಿಗೆಯೊಳಗೆ ಮೊಟ್ಟೆಯ ರಟ್ಟಿನ ಟ್ರೇ ನಿಲ್ಲಿಸಿದರೆ ಆ ಸಂದಿಯಲ್ಲೇ ಅವುಗಳ ಸಂಸಾರ. ತೌಡು, ತರಕಾರಿ ಸಿಪ್ಪೆ, ನೀರಿಗೆ ಒದ್ದೆ ಹತ್ತಿ. ಒಂದು ಹಸುವಿಗೆ ಬೇಕಾಗೋ ಜಾಗ, ನೀರು, ಮೇವಿನ ಮುಂದೆ ಇದು ಲೆಕ್ಕಕ್ಕೇ ಇಲ್ಲ. ಆರೇಳು ವಾರಕ್ಕೆ ಬಲಿಯುತ್ತವೆ. ಫ್ರೀಜರಿನಲ್ಲಿಟ್ಟರೆ ನಿದ್ದೆ ಹೋದ ಹಾಗೆ ಹೋಗಿಬಿಡುತ್ತವೆ. ಆಮೇಲೆ ತೊಳೆದು, ಹುರಿದು, ಪುಡಿ ಮಾಡೋದು. ಆ ಪುಡಿಯಲ್ಲಿ ಅರ್ಧಕ್ಕಿಂತ ಹೆಚ್ಚು ಪ್ರೋಟೀನು. ಗೆಳತಿಯರು "ಥೂ" ಅಂದರೆ, ಸಿಗಡಿ ತಿನ್ನೋರು ಹಾಗನ್ನಬಾರದು ಅನ್ನಲಿ.

ಇನ್ನು ನೀನು ಕೇಳಿದ್ದು. "ನಿಮ್ಮವರು ದಪ್ಪ ಆಗಿದ್ದಾರಂತೆ, ಏನು ಮಾಡಿ ಹಾಕ್ತೀಯೇ?" ಅಂತ ಬರೆದಿದ್ದೆಯಲ್ಲ. ಅದನ್ನು ಓದಿಯೇ ನನಗೆ ಪೆನ್ನು ಹಿಡಿಯೋಕಾಗದೆ ಹೋದದ್ದು.

ಆಪರೇಷನ್ನಿನಲ್ಲಿ ಅರ್ಧ ಹೊಟ್ಟೆ ತೆಗೆದ ಮೇಲೆ ಅವರು ಹೇಗಾಗಿದ್ದರು ನೀನೇ ನೋಡಿದ್ದೀಯ. ನಾಲ್ಕು ತುತ್ತಿಗೆ ಸಾಕು ಅನ್ನೋರು. ಡಾಕ್ಟರಮ್ಮ, "ಕಡಿಮೆ ತಿಂದರೂ ಪರವಾಗಿಲ್ಲ, ತಿಂದದ್ದರಲ್ಲಿ ಸತ್ವ ಇರಲಿ" ಅಂದಿದ್ದರು. ಸತ್ವ ನನ್ನ ಶೆಡ್ಡಿನಲ್ಲಿ ಡಬ್ಬಗಟ್ಟಲೆ ಇತ್ತು ಅಕ್ಕ. ಆದರೆ ಶೆಡ್ ಶುರು ಮಾಡಿದ ದಿನವೇ ಅವರು ಹೇಳಿಬಿಟ್ಟಿದ್ದರು: "ನೀನು ಸಾಕು, ಮಾರು. ಪೆಟ್ಟಿಗೆ ನಾನೇ ಮಾಡಿಕೊಡ್ತೀನಿ. ನನ್ನ ತಟ್ಟೆಗೆ ಮಾತ್ರ ಬೇಡ." ಬಡಗಿ ಕೈ, ಒಂದೊಂದು ಪೆಟ್ಟಿಗೆಯನ್ನೂ ತೊಟ್ಟಿಲು ಮಾಡಿದ ಹಾಗೆ ಮಾಡಿಕೊಟ್ಟರು.

ನಾನು ಗಂಜಿಯಲ್ಲಿ ಕಲಸಿದೆ. ಮೊದಲು ಒಂದು ಚಮಚ, ಆಮೇಲೆ ಮೂರು. "ಏನೋ ಬೇರೆ ಘಮ ಬರುತ್ತಲ್ಲ?" ಅಂದರು. ಹುರಿಗಡಲೆ ಹಿಟ್ಟು ಅಂದೆ. ಇನ್ನೊಮ್ಮೆ ಕೇಳಿದಾಗಲೂ ಅದೇ ಅಂದೆ, ಕಣ್ಣು ತಪ್ಪಿಸದೆ. ನಾಲ್ಕು ತಿಂಗಳಲ್ಲಿ ಏಳು ಕೇಜಿ ಏರಿದರು. ಮತ್ತೆ ಉಳಿ ಹಿಡಿದರು. ಬೀದಿಯಲ್ಲೆಲ್ಲ, "ಇವಳ ಕೈಗುಣ ಕಣ್ರೀ" ಅಂತ ಹೇಳಿಕೊಂಡು ಬಂದರು. ಹೆಮ್ಮೆಯಲ್ಲಿ ನನಗೆ ನೆಲ ಕಾಣುತ್ತಿರಲಿಲ್ಲ.

ಕಳೆದ ತಿಂಗಳು ಬೇಕರಿಯವರು ಪುಡಿ ನೋಡೋಕೆ ಶೆಡ್ಡಿಗೆ ಬಂದರು. ಬೆರಳಲ್ಲಿ ಮುಟ್ಟಿ ಮೂಸಿ, "ಇದನ್ನೆಲ್ಲ ಯಾರಮ್ಮಾ ತಿಂತಾರೆ?" ಅಂತ ನಕ್ಕರು. ನನಗೆ ರೋಷ ಬಂತು. "ನಮ್ಮನೆಯವರನ್ನೇ ನೋಡಿ, ಎದ್ದು ನಿಲ್ಲೋಕಾಗದೆ ಇದ್ದೋರು, ಇದನ್ನು ತಿಂದೇ ಹೀಗಾಗಿದ್ದು!" ಅಂದುಬಿಟ್ಟೆ. ನಮ್ಮವರು ಅಲ್ಲೇ ಹಿಂದೆ ಕೂತು ಪೆಟ್ಟಿಗೆಗೆ ಮೊಳೆ ಹೊಡೆಯುತ್ತಿದ್ದರು. ಸುತ್ತಿಗೆ ನಿಂತಿತು.

ಬೇಕರಿಯವರು ಹೋದ ಮೇಲೆ ಕೇಳಿದರು, "ಎಷ್ಟು ದಿನದಿಂದ?"

"ನಾಲ್ಕು ತಿಂಗಳು."

"ನಾನು ಎರಡು ಸಲ ಕೇಳಿದ್ದೆ."

"ಹೌದು ರೀ."

ಉಳಿದ ಮೊಳೆಗಳನ್ನೆಲ್ಲ ಹೊಡೆದು, ಮುಚ್ಚಳ ಸರಿಯಾಗಿ ಕೂರುತ್ತಾ ಅಂತ ನೋಡಿ, ಎದ್ದು ಹೋದರು.

ಅವತ್ತಿನಿಂದ ಅವರ ಅಡುಗೆ ಅವರೇ ಮಾಡಿಕೊಳ್ತಾರೆ. ಅಡುಗೆ ಅಂತ ಏನು, ಬ್ರೆಡ್ಡು, ಬೇಯಿಸಿದ ಆಲೂಗಡ್ಡೆ. ಜಗಳವಿಲ್ಲ. "ನಿನ್ನದಾಯ್ತಾ? ನಾನು ಒಲೆ ಹಚ್ಚಲಾ?" ಅಂತ ಬಾಡಿಗೆಯವರ ಹಾಗೆ ಕೇಳ್ತಾರೆ. ಏರಿದ ಏಳರಲ್ಲಿ ನಾಲ್ಕು ಕೇಜಿ ಇಳಿದಿದೆ. ನನ್ನ ಕಣ್ಣೆದುರೇ ಭುಜದ ಮೂಳೆ ಮತ್ತೆ ಎದ್ದು ಬರುತ್ತಿದೆ.

ಒಂದು ದಿನ ಅವರ ಕಾಲು ಹಿಡಿದುಕೊಂಡು ಅತ್ತುಬಿಟ್ಟೆ. "ಹುಳ ಅಂತ ಅಸಹ್ಯ ಆದರೆ ಶೆಡ್ಡನ್ನೇ ಮುಚ್ಚಿಬಿಡ್ತೀನಿ. ನನ್ನ ಕೈಯಿಂದ ಒಂದು ತುತ್ತು ತಿನ್ನಿ" ಅಂದೆ.

"ಶೆಡ್ ಯಾಕೆ ಮುಚ್ತೀಯ, ಒಳ್ಳೆ ಕೆಲಸ ಅದು" ಅಂದರು. "ಹುಳದ ಮಾತಲ್ಲ ಇದು. ಬದುಕೋಕೆ ಇದೇ ದಾರಿ, ತಿನ್ನಿ ಅಂದಿದ್ದರೆ ಮೂಗು ಮುಚ್ಚಿಕೊಂಡು ತಿಂದಿರ್ತಿದ್ದೆನೋ ಏನೋ. ನನ್ನ ಹೊಟ್ಟೆ ಕೊಯ್ಯೋ ಮುಂಚೆ ಡಾಕ್ಟರಮ್ಮ ಕೂಡ ಒಪ್ಪಿಗೆ ಕೇಳಿದರು ಕಣೇ. ನೀನು ಕೇಳಲಿಲ್ಲ."

ನೀವು ಸಾಯ್ತಿದ್ದಿರಿ ಅಂದೆ. "ಹೌದು, ನಾನೇ ಸಾಯ್ತಿದ್ದದ್ದು" ಅಂದರು.

ಈಗ ಮೇಜಿನ ಮೇಲೆ ಎರಡು ಡಬ್ಬ ಇಟ್ಟಿದ್ದೀನಿ, ಎರಡಕ್ಕೂ ದೊಡ್ಡ ಅಕ್ಷರದಲ್ಲಿ ಹೆಸರು ಬರೆದು: ಹುರಿಗಡಲೆ, ಜೀರುಂಡೆ. ಹದಿನೆಂಟು ದಿನವಾಯ್ತು. ಅವರು ಎರಡನ್ನೂ ಮುಟ್ಟಿಲ್ಲ.

ನೀನು ಬಂದು ಬುದ್ಧಿ ಹೇಳು ಅಂತ ಕರೆಯೋಲ್ಲ. ಅವರದು ತಪ್ಪಿದ್ದರೆ ಕರೆಯಬಹುದಿತ್ತು. ಮಕ್ಕಳಿಗೆ ನನ್ನ ಆಶೀರ್ವಾದ, ನೂರು ವರ್ಷ ಗಟ್ಟಿಯಾಗಿ ಬಾಳಲಿ. ಭಾವನಿಗೆ ನಮಸ್ಕಾರ.

ನಿನ್ನ ತಂಗಿ,
ಪುಟ್ಟಿ

ಮರೆತ ಮಾತು: ಮರೆತಿರಲಿಲ್ಲ, ಬರೆಯೋಕಾಗಲಿಲ್ಲ. ಮೊನ್ನೆ ನನಗೆ ಜ್ವರ ಬಂದು ಮಲಗಿದ್ದೆ. ಅವರು ಚಹಾ ಮಾಡಿ ತಂದರು. ತಿಂಗಳಾದ ಮೇಲೆ ನನ್ನ ಹಾಸಿಗೆಯ ಅಂಚಿಗೆ ಬಂದು ಕೂತದ್ದೇ ಅವತ್ತು. ಕೈ ಚಾಚಿದೆ, ಕೊಡಲಿಲ್ಲ. ಮೊದಲು ತಾವೇ ಒಂದು ಗುಟುಕು ಕುಡಿದು, ನುಂಗಿ ತೋರಿಸಿ, ಲೋಟದ ಅಂಚು ಒರೆಸಿ ನನ್ನ ಕೈಗಿಟ್ಟರು. "ಹಾಲು, ಚಹಾಪುಡಿ, ಸಕ್ಕರೆ, ಒಂಚೂರು ಶುಂಠಿ. ಬೇರೇನೂ ಹಾಕಿಲ್ಲ. ಕುಡಿ" ಅಂದರು. ಚುಚ್ಚಿ ಅಂದಿದ್ದರೆ ಜಗಳವಾದರೂ ಆಡುತ್ತಿದ್ದೆ. ಮಗುವಿಗೆ ಔಷಧಿ ಕುಡಿಸೋರ ಹಾಗೆ, ಅಷ್ಟು ಮೆತ್ತಗೆ ಅಂದರು ಅಕ್ಕ.