ಹಾಳೆ ಕೇಳಿದಿರಿ, ಹಾಳೆ ತಂದೆ

ಸಿವಿಲ್ ನ್ಯಾಯಾಲಯದ ಮಾನ್ಯ ಶಿರಸ್ತೇದಾರರೇ,

ನನ್ನ ತಾಯಿಯ ಮಾನ ತಮ್ಮ ದಾಖಲೆ ಕೋಣೆಯಲ್ಲಿ ನಾಲ್ಕು ವರ್ಷದಿಂದ ಸುರುಳಿ ಸುತ್ತಿಕೊಂಡು ಬಿದ್ದಿದೆ. ಅದನ್ನು ಬಿಚ್ಚಿ ಓದಿಸಿ ಎಂದು ಕೇಳಲು ಈ ಪತ್ರ. ನ್ಯಾಯಾಧೀಶರಿಗೆ ಬರೆದರೆ ನ್ಯಾಯಾಂಗ ನಿಂದನೆಯಂತೆ. ತಮಗೆ ಬರೆದರೆ ಬರೀ ಉದ್ಧಟತನ, ಅದು ನನಗೆ ಅಭ್ಯಾಸವಿದೆ. ತಮ್ಮದು ಸಾಗರದ ಕೋರ್ಟೋ, ಹೊಸನಗರದ್ದೋ, ತೀರ್ಥಹಳ್ಳಿಯದ್ದೋ ಎಂದು ಇಲ್ಲಿ ಹೇಳುವುದಿಲ್ಲ. ಹೇಳಿದರೆ ತಾವೂ ನನ್ನ ಮೇಲೆ ಮಾನನಷ್ಟದ ದಾವೆ ಹೂಡಬಹುದು. ನಾನು ಕಾಗದದ ಮೇಲೆ ಬರೆದಿರುವುದರಿಂದ ತಾವು ಗೆದ್ದರೂ ಗೆದ್ದೀರಿ.

ನನ್ನ ತಾಯಿ ಕೆರಿಯಮ್ಮ ಸೂಲಗಿತ್ತಿ. ಬಿದನೂರು ನಗರದ ಆಚೀಚೆ ಹತ್ತು ಹಳ್ಳಿಯಲ್ಲಿ ಅವಳ ಕೈಗುಣದ ಮೇಲೆ ನಂಬಿಕೆ ಇಟ್ಟು ಹೆತ್ತವರೇ ಹೆಚ್ಚು. ೧೯೭೬ರಲ್ಲಿ ನಮ್ಮೂರಿಗೆ ಮುಕುಂದಯ್ಯ ಎಂಬಾತ ಬಂದು ಡಾಕ್ಟರ ಷಾಪು ತೆರೆದ. ತೀರ್ಥಹಳ್ಳಿಯ ಕಡೆ ಯಾರೋ ಡಾಕ್ಟರ ಬಳಿ ಬಾಟಲಿ ತೊಳೆಯುತ್ತಾ ಸೂಜಿ ಚುಚ್ಚಲು ಕಲಿತವ. ಅಮ್ಮ ಇರುವ ತನಕ ತನ್ನ ಬಳಿ ಯಾರೂ ಬರುವುದಿಲ್ಲ ಎಂಬುದು ಅವನಿಗೆ ಬೇಗ ತಿಳಿಯಿತು. ಒಂದು ಬೆಳಿಗ್ಗೆ ಬಸ್ ನಿಲ್ಲುವ ಕಡೆ, ಅಡಿಕೆ ಮರದಿಂದ ಬಿದ್ದ ಅಗಲವಾದ ಹಾಳೆಯ ಮೇಲೆ, ಅಡಿಕೆ ಬೇಯಿಸಿದ ಚೊಗರಿನಲ್ಲಿ ಹೀಗೆ ಬರೆದು ತೂಗುಹಾಕಿದ: ‘ಕೆರಿಯಮ್ಮನ ಕೈಗುಣ ಕೆಟ್ಟಿದೆ. ಅವಳು ಮುಟ್ಟಿದ ಕೂಸು ಉಳಿಯುವುದಿಲ್ಲ. ಹೆರಿಗೆಗೆ ಬನ್ನಿ: ಮುಕುಂದಯ್ಯ.’ ಹೆಸರು ಸಮೇತ! ಅಷ್ಟು ಪ್ರಾಮಾಣಿಕ ಸುಳ್ಳುಗಾರನನ್ನು ನಾನು ಬೇರೆಲ್ಲೂ ಕಂಡಿಲ್ಲ. ಅಂದಿನಿಂದ ನಮ್ಮ ಬಾಗಿಲಿಗೆ ಯಾರೂ ಬರಲಿಲ್ಲ.

ದಾವೆ ಹೂಡಿದೆವು. ‘ಬರಹವಿರುವ ಹಾಳೆಯನ್ನು ಹಾಜರುಪಡಿಸತಕ್ಕದ್ದು’ ಎಂದು ತಮ್ಮ ಕಚೇರಿಯಿಂದ ಬಂತು. ಹಾಳೆ ಕೇಳಿದಿರಿ, ಹಾಳೆ ತಂದೆ. ತಾವು ಕನ್ನಡಕ ಏರಿಸಿ, “ಏನಯ್ಯಾ ಇದು? ಹಾಳೆ ಅಂದ್ರೆ ಕಾಗದ ಕಣಯ್ಯಾ!” ಎಂದಿರಿ. ಕಡತಕ್ಕೆ ಹೊಲಿಯಲು ಬರುವುದಿಲ್ಲ, ಸ್ಟಾಂಪು ಅಂಟುವುದಿಲ್ಲ, ಮೊಹರು ಕೂರುವುದಿಲ್ಲ ಎಂದು ಆಕ್ಷೇಪಣೆ ಬರೆದಿರಿ. ಕಲ್ಲಿನ ಮೇಲೆ, ತಗಡಿನ ಮೇಲೆ ಕೆತ್ತಿದ್ದೂ ದಸ್ತಾವೇಜೇ ಎಂದು ಕಾನೂನಿನ ಪುಸ್ತಕದಲ್ಲಿದೆ ಎಂದರು ನಮ್ಮ ವಕೀಲರು. ಇಲ್ಲದಿದ್ದರೆ ಬಿದನೂರಿನ ಅರಸರು ಶಾಸನದ ಕಲ್ಲಿಗೂ ಎರಡು ತೂತು ಹೊಡೆಸಿ ಟ್ವೈನ್ ದಾರ ಕಟ್ಟಿಸಿಡುತ್ತಿದ್ದರಲ್ಲವೇ? ಹೊಣೆ ತಮ್ಮ ತಲೆಗೆ ಬಾರದಂತೆ, ಸಾಕ್ಷ್ಯವೆಂದು ಗುರುತು ಹಾಕದೆ ಹಾಳೆಯನ್ನು ಕಪಾಟಿನ ಮೇಲಿಟ್ಟಿರಿ.

ಒಣಗಿದ ಹಾಳೆ ಏನಾಗುತ್ತದೆ ಎಂದು ತಮ್ಮ ಮನೆಯವರನ್ನು ಕೇಳಿದ್ದರೂ ಹೇಳುತ್ತಿದ್ದರು. ಸುರುಳಿಯಾಯಿತು. ಈಗ ಬಿಡಿಸಿದರೆ ಮುರಿಯುತ್ತದೆ. ಅರ್ಧ ಗಂಟೆ ನೀರಿನಲ್ಲಿ ನೆನೆಸಿದರೆ ಮೆತ್ತಗಾಗಿ ಬಿಚ್ಚಿಕೊಳ್ಳುತ್ತದೆ, ಚೊಗರಿನ ಕಲೆ ಹೋಗುವುದಿಲ್ಲ ಎಂದು ನಾನು ಕೈ ಮುಗಿದು ಹೇಳಿದೆ. ನೆನೆಸಿದರೆ ಸಾಕ್ಷ್ಯ ತಿದ್ದಿದ ಹಾಗೆ ಎಂದಿರಿ. ನೆನೆಸದೆ ಓದುವಂತಿಲ್ಲ, ಓದದೆ ಗುರುತು ಹಾಕುವಂತಿಲ್ಲ, ಗುರುತು ಹಾಕದೆ ನೆನೆಸುವಂತಿಲ್ಲ. ಹದಿನೇಳು ವಾಯಿದೆ ಹೀಗೇ ಕಳೆದವು. ಹಾಗಾದರೆ ಓದಿದವರನ್ನು ಕರೆತರೋಣ ಎಂದು ಊರು ಸುತ್ತಿದೆ. ಎಲ್ಲರದೂ ಒಂದೇ ಮಾತು: “ನಂಗೆ ಓದಕ್ಕೆ ಬರಲ್ಲಪ್ಪಾ.” ಏಳನೇ ಕ್ಲಾಸು ಪಾಸಾದ ಪಕ್ಕದ ಮನೆಯ ಹೂವಪ್ಪನಿಗೂ ಬರುವುದಿಲ್ಲವಂತೆ! ಓದು ಬಾರದ ಊರು ಅದನ್ನು ಒಂದೇ ದಿನದಲ್ಲಿ ಓದಿತು. ಓದು ಬಲ್ಲ ಕೋರ್ಟಿಗೆ ನಾಲ್ಕು ವರ್ಷ ಸಾಲದಾಯಿತು.

ಕಳೆದ ತಿಂಗಳು ಮಟಮಟ ಮಧ್ಯಾಹ್ನ ಹೂವಪ್ಪನ ಹೆಂಡತಿ ಪುಷ್ಪಮ್ಮನಿಗೆ ನೋವು ಬಂತು. ನಮಗೂ ಅವರಿಗೂ ನಡುವೆ ಒಂದೇ ಗದ್ದೆ. ಅಮ್ಮ ಬಾಗಿಲಲ್ಲಿ ಕೂತು ಆ ಕೂಗು ಕೇಳಿದಳು. ಕರೆಯಲು ಯಾರೂ ಬರಲಿಲ್ಲ. ಮುಕುಂದಯ್ಯ ಒಂದು ಸೂಜಿ ಚುಚ್ಚಿ, ತನ್ನ ಕೈಲಾಗದು, ಆಸ್ಪತ್ರೆಗೆ ಹೋಗಿ ಎಂದ. ಜೀಪಿನಲ್ಲೇ ಹುಟ್ಟಿದ ಕೂಸು ಜೀಪಿನಲ್ಲೇ ಹೋಯಿತು. ವಾರದ ನಂತರ ಹೂವಪ್ಪ ಕೂಸಿನ ಮರಣದ ಸರ್ಟಿಫಿಕೇಟು ಹಿಡಿದು ನಮ್ಮ ಜಗುಲಿಗೆ ಬಂದ. “ಮಂಜಣ್ಣಾ, ಇದ್ನೂ ಕೋರ್ಟಿಗೆ ಕೊಡು. ಆ ಹಾಳೆ ನಾನು ಓದಿದ್ದೆ. ಬೇಕಾದ್ರೆ ಬಂದು ಹೇಳ್ತೀನಿ,” ಎಂದು ಅತ್ತ. ನನಗೆ ಅವನ ಮೇಲೆ ಸಿಟ್ಟೂ ಬಂತು, ಅಳುವೂ ಬಂತು.

ಸರ್ಟಿಫಿಕೇಟನ್ನು ಇದರೊಂದಿಗೆ ಇಟ್ಟಿದ್ದೇನೆ. ಅಪ್ಪಟ ಕಾಗದ. ಸರ್ಕಾರದ ಮೊಹರಿದೆ, ದಾರ ಕಟ್ಟಲು ಅಂಚಿನಲ್ಲಿ ಜಾಗವೂ ಇದೆ. ಇದಕ್ಕೆ ತಮ್ಮ ಆಕ್ಷೇಪಣೆ ಇರಲಾರದು.

ನನ್ನ ಬೇಡಿಕೆ ಇಷ್ಟೇ. ಬರುವ ವಾಯಿದೆಯ ದಿನ ಬೋಗುಣಿ, ನೀರು ನಾನೇ ತರುತ್ತೇನೆ. ಎಲ್ಲರ ಎದುರಿಗೆ ಹಾಳೆ ನೆನೆಸಿ, ಬಿಚ್ಚಿ, ಗಟ್ಟಿಯಾಗಿ ಓದಿಸಿ. ಪರಿಹಾರದ ಹಣ ಪ್ರತಿವಾದಿಯ ಬಳಿಯೇ ಇರಲಿ. ಬರೆದದ್ದು ಸುಳ್ಳೆಂದು ಕೋರ್ಟು ಒಂದು ಸಲ ಹೇಳಿದರೆ ಸಾಕು. ಆದರೆ ಬೇಗ ಹೇಳಲಿ. ಮೊನ್ನೆ ಅಮ್ಮ ತನ್ನ ಎರಡೂ ಅಂಗೈ ನೋಡಿಕೊಳ್ಳುತ್ತಾ, “ನನ್ ಕೈಗುಣ ಕೆಟ್ಟೇ ಹೋಗಿತ್ತಾ ಮಗಾ?” ಎಂದು ಕೇಳಿದಳು. ಅಕ್ಷರವೇ ಬಾರದ ನನ್ನ ತಾಯಿ ಆ ಹಾಳೆಯನ್ನು ನಂಬಲು ಶುರುಮಾಡಿದ್ದಾಳೆ.

ಇಂತಿ,
ಹಾಳೆ ಎಂದರೆ ಹಾಳೆಯೇ ಎಂದು ತಿಳಿದ ದಡ್ಡ,
ಕೆರಿಯಮ್ಮನ ಮಗ ಮಂಜುನಾಥಪ್ಪ
೧೯೮೧